ತೂಕಕ್ಕೆ ನಿಲ್ಲೋ ಮುಂಚೆ

ನಂಗೆ ಮೂವತ್ನಾಲ್ಕು ವರ್ಷ. ರಿಟೈರ್ ಆಗಿದೀನಿ ಅಂದ್ರೆ ಜನ ನಗ್ತಾರೆ. ಮೆಲ್ಬರ್ನ್ ಹತ್ರ ಟ್ರುಗನಿನಾದಲ್ಲಿ ನಮ್ಮ ಎದುರುಮನೆ ಸತೀಶ್ ಅಂಕಲ್ ಐಟಿಯವರು. ಪರಿಚಯ ಆದ ದಿನಾನೇ ಕೇಳಿದ್ರು, "ರಿಟೈರಾ? ಪೆನ್ಷನ್ ಬರುತ್ತೇನಪ್ಪಾ?"

"ಪೆನ್ಷನ್ ಬರಲ್ಲ ಅಂಕಲ್. ಮಂಡಿನೋವು ಬರುತ್ತೆ" ಅಂದೆ.

ನಾನು ಕಬಡ್ಡಿ ಪ್ಲೇಯರ್ ಆಗಿದ್ದೆ. ಹೊಟ್ಟೆಪಾಡಿಗೆ ಆಡ್ತಿದ್ದೋನು. ಟೀವೀಲಿ ಬರುತ್ತಲ್ಲ, ಆ ಲೀಗಲ್ಲಿ ಆಡಿದೀನಿ. ಮಂಡಿ ಹೋಯ್ತು, ಆಟ ನಿಂತೋಯ್ತು. ಈಗ ಹಗಲು ಒಂದು ವೇರ್‌ಹೌಸಲ್ಲಿ ಫೋರ್ಕ್‌ಲಿಫ್ಟ್ ಓಡಿಸ್ತೀನಿ, ಸಂಜೆ ಮೆಲ್ಬರ್ನಿನ ಒಂದು ಯೂನಿವರ್ಸಿಟಿ ಹುಡುಗರಿಗೆ ಕಬಡ್ಡಿ ಕೋಚ್. ಇಲ್ಲಿ ಕೋಚ್ ಆಗ್ಬೇಕು ಅಂತ ಈಗೀಗ ಕೆಲವು ಹುಡುಗರು ಬಂದು ಕೇಳ್ತಾರೆ, ಕೆಲಸ ಹೆಂಗಿರುತ್ತೆ ಸಾರ್ ಅಂತ. ಅವರಿಗೋಸ್ಕರ ಬರೀತಿದೀನಿ. ನಾನು ಎಸ್ಸೆಸ್ಸೆಲ್ಸಿ, ಅದೂ ಎರಡು ಸಬ್ಜೆಕ್ಟ್ ಇನ್ನೂ ಬಾಕಿ. ಮಾತಾಡ್ದಂಗೆ ಬರೀತೀನಿ. ಯಾವ ಕಪ್ ಗೆದ್ದೆ, ಎಷ್ಟು ಪಾಯಿಂಟ್ ತಂದೆ ಅನ್ನೋದು ಇಲ್ಲಿರಲ್ಲ. ಬೇಕಾದ್ರೆ ಯೂಟ್ಯೂಬಲ್ಲಿ ನೋಡ್ಕೊಳಿ.

ಕಬಡ್ಡಿ ಎಲ್ರಿಗೂ ಗೊತ್ತು. ಒಂದೇ ಉಸಿರಲ್ಲಿ ಕಬಡ್ಡಿ ಕಬಡ್ಡಿ ಅಂತ ಆ ಕಡೆ ಹೋಗ್ಬೇಕು, ಮುಟ್ಬೇಕು, ಗೆರೆಗೆ ವಾಪಸ್ ಬರ್ಬೇಕು. ಅದಕ್ಕೆ ರೈಡ್ ಅಂತಾರೆ, ನಾನು ರೈಡರ್. ಇಷ್ಟು ಮಕ್ಕಳಿಗೂ ಗೊತ್ತು. ಗೊತ್ತಿಲ್ದೇ ಇರೋದು ತೂಕದ ವಿಷ್ಯ. ದೊಡ್ಡ ಪಂದ್ಯಗಳಲ್ಲಿ ಎಂಬತ್ತೈದು ಕೆಜಿ ದಾಟಿದೋನು ಆಡಂಗಿಲ್ಲ. ಪಂದ್ಯದ ದಿನ ಬೆಳಿಗ್ಗೆ ಚಡ್ಡೀಲಿ ಮೆಷಿನ್ ಮೇಲೆ ನಿಲ್ಲಿಸ್ತಾರೆ. ದಾಟಿದ್ರೆ ಮನೆಗೆ ಹೋಗು ಅಂತಾರೆ, ಅಷ್ಟೇ.

ನನ್ನ ಮೈ ಎಂಬತ್ತೊಂಬತ್ತರದು. ಎಂಬತ್ತೈದಕ್ಕೆ ಇಳಿಸ್ತಿದ್ದೋರು ಭದ್ರಪ್ಪ ಸಾರ್.

ಭದ್ರಪ್ಪ ಸಾರ್ ನನ್ನ ಗುರು. ದೊಡ್ಡಬಳ್ಳಾಪುರದಲ್ಲಿ ನಮ್ಮಪ್ಪ ಅಮ್ಮ ಇಬ್ರೂ ಪವರ್‌ಲೂಮ್ ಕೆಲಸಕ್ಕೆ ಹೋಗೋರು. ನಾನೂ ಮಗ್ಗದ ಮನೇಲೇ ಬೆಳೆದೆ. ಅಲ್ಲಿ ಕಿರುಚದೆ ಮಾತಾಡಕ್ಕಾಗಲ್ಲ. ಮೈದಾನದಲ್ಲಿ ನನ್ನ ಕಬಡ್ಡಿ ಕಬಡ್ಡಿ ಕೇಳಿ ಸಾರ್ ಹೇಳಿದ್ರು, "ಏನ್ ಗಂಟಲೋ ನಿಂದು! ಬೀದಿ ನಾಯಿಗಳೆಲ್ಲ ಎದ್ದೋದ್ವಲ್ಲೋ. ನಾಳೆಯಿಂದ ಬಾ." ಹೋದೆ. ಹತ್ತು ವರ್ಷ ಅವರ ಕೈ ಕೆಳಗೆ ಬೆಳೆದೆ. ಊಟ ಹಾಕಿದಾರೆ, ಕಪಾಳಕ್ಕೂ ಬಿಟ್ಟಿದಾರೆ, ಜ್ವರ ಬಂದಾಗ ಅವರ ಮನೇಲೇ ಮಲಗಿಸ್ಕೊಂಡಿದಾರೆ. ಕೆಟ್ಟೋರಲ್ಲ. ಅದನ್ನ ಮೊದಲೇ ಹೇಳ್ಬಿಡ್ತೀನಿ, ಯಾಕಂದ್ರೆ ಮುಂದೆ ಹೇಳೋದು ಕೇಳಿದ್ರೆ ಕೆಟ್ಟೋರು ಅನ್ಸುತ್ತೆ.

"ನೀರು ಅಂದ್ರೆ ತೂಕ" ಅನ್ನೋರು. ಪಂದ್ಯಕ್ಕೆ ಎರಡು ದಿನ ಇದ್ದಂಗೆ ನೀರು ಬಂದ್. ಎರಡು ಸ್ವೆಟರ್, ಮೇಲೆ ರೈನ್‌ಕೋಟು, ಮಟಮಟ ಮಧ್ಯಾಹ್ನ ಓಟ. ಬೆವರೂ ನಿಂತೋದ್ಮೇಲೆ ಹುಣಸೆಹಣ್ಣು. ಒಂದು ಚೂರು ಬಾಯಲ್ಲಿಟ್ಕೊಂಡ್ರೆ ಎಂಜಲು ಕಿತ್ಕೊಂಡ್ ಬರುತ್ತೆ, ಅದನ್ನ ಬಾಟ್ಲಿಗೆ ಉಗೀಬೇಕು. ಬಸ್ಸಲ್ಲಿ ಕೂತ್ಕೊಂಡು ಉಗೀತಾ ಹೋಗೋದೇ. ಎಂಜಲಲ್ಲೂ ತೂಕ ಇದೆ, ನಂಬ್ತೀರೋ ಇಲ್ವೋ. ತೂಕ ಹಾಕಿಸ್ಕೊಂಡ್ಮೇಲೆ ಗಟಗಟ ಗ್ಲೂಕೋಸ್ ಕುಡಿದು ಆಡಕ್ಕಿಳಿಯೋದು. ಇದನ್ನ ಎಲ್ರೂ ಮಾಡ್ತಿದ್ರು. ಯಾರೂ ತಪ್ಪು ಅಂದ್ಕೊಂಡಿರ್ಲಿಲ್ಲ. ಅದು ಗಂಡಸುತನ ಅನ್ಕೊಂಡಿದ್ವಿ.

ಕೊನೇ ಪಂದ್ಯದಲ್ಲಿ ಆಗಿದ್ದು ಇಷ್ಟು. ರೈಡಿಗೆ ಹೋದೆ. ನಾಲಿಗೆ ಅಂಗುಳಕ್ಕೆ ಅಂಟ್ಕೊಂಡ್ತು. 'ಕಬ' ಬರ್ತಿದೆ, 'ಡ್ಡಿ' ಬರ್ತಿಲ್ಲ. ಬಾಯಿ ಒಣಗಿದ್ರೆ 'ಡ್ಡಿ' ಬರಲ್ಲ, ಬೇಕಾದ್ರೆ ಹೇಳಿ ನೋಡಿ. ರೆಫ್ರಿ ವಿಷಲ್ ಹಾಕ್ತಾನೆ ಅಂತ ಹೆದರಿ ಗೆರೆ ಕಡೆ ತಿರುಗ್ದೆ. ತಿರುಗ್ತಿದ್ದಂಗೇ ಮೀನಖಂಡ ಹಿಡ್ಕೊಂಡ್ತು. ಕಾಲು ನೆಲಕ್ಕೆ ಕಚ್ಕೊಂಡ್ತು, ಮೈ ತಿರುಗ್ತು, ಮೇಲೆ ಇಬ್ರು ಬಿದ್ರು. ಟಪ್ ಅಂತು. ಮಗ್ಗದಲ್ಲಿ ಬೆಲ್ಟ್ ಕಿತ್ತೋದ್ರೆ ಬರೋ ಸದ್ದು.

ಎರಡು ಆಪರೇಷನ್ ಆಯ್ತು. ಭದ್ರಪ್ಪ ಸಾರ್ ಮೂಸಂಬಿ ತಗೊಂಡು ಬಂದು ಮಂಚದ ಪಕ್ಕ ಕೂತು ಅತ್ರು. "ನಂಗೆ ಹೇಳ್ಕೊಟ್ಟಿದ್ದನ್ನೇ ನಿಂಗೆ ಹೇಳ್ಕೊಟ್ಟೆ ಕಣೋ" ಅಂದ್ರು. ಈಗ್ಲೂ ಮೆಟ್ಲು ಇಳಿಯೋವಾಗ ಏಡಿ ತರ ಅಡ್ಡ ಇಳೀತೀನಿ.

ನನ್ನ ಹೆಂಡ್ತಿ ಶೃತಿ ನರ್ಸು. ಅವಳಿಗೆ ಇಲ್ಲಿ ಕೆಲಸ ಸಿಕ್ತು, ಇಲ್ಲೇ ನೆಲೆಸೋಕೆ ಪಿಆರ್ ಸಿಕ್ತು, ಅವಳ ಹಿಂದೆ ನಾನು ಬಂದೆ. ಬಂದು ಒಂದು ವರ್ಷ ಕಬಡ್ಡಿ ಅಂತ ಬಾಯಿ ಬಿಟ್ಟಿರ್ಲಿಲ್ಲ. ಶುರು ಮಾಡಿಸಿದ್ದು ಸತೀಶ್ ಅಂಕಲ್ ಮಗ ಆರ್ಯನ್. ಇಲ್ಲೇ ಹುಟ್ಟಿದ ಹುಡುಗ, ಯೂನಿವರ್ಸಿಟೀಲಿ ಓದ್ತಿದ್ದ. ಕನ್ನಡ ಎಲ್ಲ ಅರ್ಥ ಆಗುತ್ತೆ, ಬಾಯಿ ಬಿಟ್ರೆ ಇಂಗ್ಲಿಷು. ಒಂದಿನ ನನ್ನ ಹಳೇ ವಿಡಿಯೋ ಫೋನಲ್ಲಿ ಹಿಡ್ಕೊಂಡು ಬಾಗಿಲಿಗೆ ಬಂದ. "ಬ್ರೋ, ಈಸ್ ದಿಸ್ ಯೂ?"

"ಬ್ರೋ ಅಲ್ಲ, ಸಾರ್ ಅನ್ನು" ಅಂದೆ. ಹಂಗೆ ಕೋಚ್ ಆದೆ.

ಮೊದಲ್ನೇ ದಿನ ಜಿಮ್ಮಿಗೆ ಹೋದ್ರೆ ಮ್ಯಾಟೆಲ್ಲ ತುಂಡುತುಂಡು ಮೂಲೇಲಿ ಪೇರಿಸಿಟ್ಟಿದ್ರು. ನಮ್ಮ ಟೈಮಿಗೆ ಮುಂಚೆ ಬ್ಯಾಸ್ಕೆಟ್‌ಬಾಲು, ಆಮೇಲೆ ಬ್ಯಾಡ್ಮಿಂಟನ್ನು. ನಾವೇ ಜೋಡಿಸ್ಬೇಕು, ನಾವೇ ಬಿಚ್ಬೇಕು. ಹೊಸ ಕೋಚುಗಳಿಗೆ ಒಂದು ಮಾತು. ಯಾವ ಹುಡುಗ ಆಡ್ತಾನೆ ಅಂತ ಮ್ಯಾಟ್ ಹಾಕೋವಾಗ್ಲೇ ಗೊತ್ತಾಗುತ್ತೆ. ಕೆಲವರಿಗೆ ಆ ಟೈಮಿಗೇ ಶೂ ಲೇಸ್ ಬಿಚ್ಚೋ ಕೆಲಸ ಇರುತ್ತೆ. ದಾವಣಗೆರೆ ತೇಜಸ್ ಅಂತ ಒಬ್ಬ ಒಂದೇ ಸಲಕ್ಕೆ ಆರು ತುಂಡು ತಲೆ ಮೇಲೆ ಹೊತ್ಕೊಂಡು ಬಂದ. ನೋಡಿದ ತಕ್ಷಣ ಇವನೇ ನನ್ನ ರೈಡರ್ ಅಂದ್ಕೊಂಡೆ.

ಇಲ್ಲಿ ಹುಟ್ಟಿದ ಹುಡುಗರದು ಇನ್ನೊಂದು ಕಷ್ಟ. ನಮ್ಮ ಆಟದಲ್ಲಿ ಹಿಡಿಯೋರು ಕೈ ಕೈ ಹಿಡ್ಕೊಂಡು ಸರಪಳಿ ಮಾಡ್ಬೇಕು. ಇವ್ರಿಗೆ ನಾಚಿಕೆ. ಎರಡು ಬೆರಳು ಹಿಡ್ಕೊಂಡು ನಿಲ್ಲೋರು, ಮದುವೆ ಮನೇಲಿ ಹೊಸ ಗಂಡ ಹೆಂಡ್ತಿ ತರ. ಆರ್ಯನ್ ಅಂತೂ ಕಾಲು ಹಿಡಿದ ಕೂಡ್ಲೆ "ಸಾರಿ ಮೇಟ್" ಅನ್ನೋನು. ಅಂದು ಬಿಟ್ಬಿಡೋನು.

"ಲೋ, ಸಾರಿ ಹೇಳೋದಾದ್ರೆ ಕಾಲು ಬಿಡ್ದೆ ಹೇಳೋ!"

"ಬಟ್ ಐ ಹರ್ಟ್ ಹಿಮ್, ಸಾರ್."

"ಅದಕ್ಕೇ ಕಣಯ್ಯಾ ಬಂದಿರೋದು ಇಬ್ರೂ."

ನಮ್ಮ ಮೇಲೆ ಮೇಗನ್ ಅಂತ ಒಬ್ರು. ಯೂನಿವರ್ಸಿಟಿ ಸ್ಪೋರ್ಟ್ಸ್ ಆಫೀಸ್ ನೋಡ್ಕೊಳೋರು. ಒಂದು ಕಾಲದಲ್ಲಿ ರೋಯಿಂಗ್ ಅಂತ ದೋಣಿ ಪಂದ್ಯಕ್ಕೆ ಹೋಗ್ತಿದ್ದೋರು, ನನಗಿಂತ ದೊಡ್ಡ ತೋಳು. ಅವರು ನನ್ನನ್ನ ಕೋಚಿಂಗ್ ಕೋರ್ಸಿಗೆ ಕಳಿಸಿದ್ರು. ಆಟಗಾರನಿಗೆ ತಲೆಸುತ್ತು ಬಂದ್ರೆ ಏನ್ ಮಾಡ್ತೀಯ ಅಂತ ಪ್ರಶ್ನೆ. ಮುಖಕ್ಕೆ ನೀರು ಎರಚಿ ಒಳಗೆ ಕಳಿಸ್ತೀನಿ ಅಂತ ಬರೆದೆ. ಮೇಗನ್ ನಗ್ಲಿಲ್ಲ. ಕೂರಿಸ್ಕೊಂಡು ಪಾಠ ಮಾಡಿದ್ರು. ಪ್ರಾಕ್ಟೀಸ್ ಮಧ್ಯೆ ಮಧ್ಯೆ ನಿಲ್ಲಿಸಿ ಎಲ್ರಿಗೂ ನೀರು ಕುಡಿಸ್ಬೇಕು ಅಂತ ರೂಲ್ ಮಾಡಿದ್ರು. ನಂಗೆ ಒಳಗೊಳಗೇ ನಗು. ನಮ್ ಕಾಲದಲ್ಲಿ ನೀರು ಕೇಳಿದ್ರೆ ಇನ್ನೆರಡು ರೌಂಡ್ ಓಡಿಸೋರು ಅಂದೆ. "ದಟ್ ಈಸ್ ವೈ ಯೂ ಲಿಂಪ್, ಮಂಜು" ಅಂದ್ರು, ಅದಕ್ಕೇ ನೀನು ಕುಂಟೋದು ಅಂತ. ಸಿಟ್ಟು ಬಂತು. ಮನೆಗೆ ಬಂದು ಶೃತಿ ಹತ್ರ ಹೇಳ್ದೆ. "ಅವ್ರು ಹೇಳಿದ್ದು ಸರೀನೇ ಅಲ್ವಾ?" ಅಂದ್ಳು, ಚಪಾತಿ ಲಟ್ಟಿಸ್ತಾ. ಮನೇಲೂ ಅದೇ ಪಾಠ.

ಈಗ ಸಿಡ್ನಿ ವಿಷ್ಯಕ್ಕೆ ಬರ್ತೀನಿ. ಇದನ್ನ ಹೇಳೋಕೇ ಕೂತಿದ್ದು.

ಸಿಡ್ನೀಲಿ ಒಂದು ಟೂರ್ನಮೆಂಟ್. ಬೇರೆ ಬೇರೆ ಯೂನಿವರ್ಸಿಟಿ ಟೀಮುಗಳು. ಅಲ್ಲೂ ಎಂಬತ್ತೈದರ ಗೆರೆ ಇತ್ತು. ತೇಜಸ್‌ದು ಅದು ಕೊನೇ ಪಂದ್ಯ, ಕೋರ್ಸ್ ಮುಗೀತಾ ಇತ್ತು. ಅವರಪ್ಪಂಗೆ ದಾವಣಗೆರೇಲಿ ಲಾರಿ ಸ್ಪೇರ್‌ಪಾರ್ಟ್ಸ್ ಅಂಗಡಿ. ಪಿಯುಸೀಲಿ ಇವನ ಕಬಡ್ಡಿ ಬಿಡಿಸಿದ್ರಂತೆ, ಕಾಲು ಮುರ್ಕೊಂಡ್ರೆ ಯಾರು ನೋಡ್ಕೊತಾರೆ ಅಂತ. ಮಗ ಆಡೋದನ್ನ ಒಂದು ಸಲಾನೂ ನೋಡಿಲ್ಲ. ಈ ಸಲ ಲೈವ್ ಬರುತ್ತೆ ಅಂತ ಹೇಳಿದ್ದಕ್ಕೆ, ಸರಿ, ಅಂಗಡೀಲಿ ಕೂತು ಫೋನಲ್ಲಿ ನೋಡ್ತೀನಿ ಅಂದಿದ್ರಂತೆ. ತೇಜಸ್ ಇದನ್ನ ಎಲ್ರ ಹತ್ರಾನೂ ಹೇಳ್ಕೊಂಡು ತಿರುಗ್ತಿದ್ದ.

ಆದ್ರೆ ತೂಕ ಜಾಸ್ತಿ ಇತ್ತು. ತಿಂಗಳಿಂದ ಅನ್ನ ಬಿಟ್ಟ, ಫುಡ್ ಡೆಲಿವರಿ ಕೆಲಸಾನ ಸ್ಕೂಟರ್ ಬಿಟ್ಟು ಸೈಕಲ್ಲಲ್ಲಿ ಮಾಡ್ದ. ಆದ್ರೂ ಎಂಬತ್ತಾರೂವರೆ ಹತ್ರ ಬಂದು ನಿಂತ್ಬಿಡ್ತು. ಹೊರಡೋಕೆ ಎರಡು ದಿನ ಇದ್ದಾಗ ಮ್ಯಾಟ್ ಬಿಚ್ತಾ ಕೇಳ್ದ, "ಸಾರ್, ನೀವು ಹೆಂಗೆ ಇಳಿಸ್ತಿದ್ರಿ?"

ಹೇಳ್ದೆ. ನೀರು ಬಂದ್, ಸ್ವೆಟರು, ರೈನ್‌ಕೋಟು, ಹುಣಸೆಹಣ್ಣು, ಬಾಟ್ಲಿ. ಹಳೇ ಕತೆ ಹೇಳೋವಾಗ ಮನುಷ್ಯಂಗೆ ಸ್ವಲ್ಪ ಜಂಬ ಬರುತ್ತೆ, ನಂಗೂ ಬಂತು. ಕಣ್ ಬಿಟ್ಕೊಂಡು ಕೇಳಿಸ್ಕೊಂಡ. ಅವತ್ತಿಂದ್ಲೇ ನೀರು ಬಿಟ್ಟ.

ಹೊರಡೋ ದಿನ ಬೆಳಿಗ್ಗೆ ವ್ಯಾನ್ ಹತ್ತಿದಾಗ ಅವನು ಎರಡು ಹುಡ್ಡಿ, ಮೇಲೆ ನೀಲಿ ರೈನ್‌ಕೋಟು. ಕೈಯಲ್ಲಿ ಖಾಲಿ ಬಾಟ್ಲಿ. ಇಂಡಿಯನ್ ಅಂಗಡಿಯಿಂದ ಹುಣಸೆಹಣ್ಣಿನ ಪ್ಯಾಕೆಟ್ ಬೇರೆ. "ಸಾರ್, ಹೀಟರ್ ಫುಲ್ ಇಡಿ" ಅಂದ. ಇಟ್ಟೆ. ಹಿಂದೆ ಕೂತಿದ್ದ ಹುಡುಗರೆಲ್ಲ ಬನಿಯನ್ನಿಗೆ ಬಂದ್ರು. ಆರ್ಯನ್ ಕಿಟಕಿಗೆ ಮೂಗು ಒತ್ಕೊಂಡು, "ದಿಸ್ ಈಸ್ ಇಡ್ಲಿ ಸ್ಟೀಮರ್, ಸಾರ್" ಅಂದ.

"ಬೇಯ್ಕೋ ಸುಮ್ನೆ. ಟೀಮಿಗೋಸ್ಕರ" ಅಂದೆ.

ನಗ್ತಾ ನಗ್ತಾ ಹೋದ್ವಿ. ತೇಜಸ್ ಉಗೀತಾ ಇದ್ದ. ಪ್ರತೀ ಸಲ ಉಗಿದಾಗ್ಲೂ ಹಿಂದಿನೋರು ಚಪ್ಪಾಳೆ ಹೊಡೆಯೋರು. ದಾರೀಲಿ ಆಲ್ಬರಿ ಅನ್ನೋ ಊರು ದಾಟೋ ಹೊತ್ತಿಗೆ ಚಪ್ಪಾಳೆ ನಿಂತಿತ್ತು. ಉಗುಳೋಕೆ ಏನೂ ಬರ್ತಿರ್ಲಿಲ್ಲ ಅವನಿಗೆ. ತುಟಿ ಬೆಳ್ಳಗಾಗಿತ್ತು.

ನಾನು ಡ್ರೈವ್ ಮಾಡ್ತಾನೇ ಹೇಳ್ದೆ, "ತೇಜಸ್, ಒಂದು ರೈಡ್ ಹೇಳು ನೋಡಣ. ಕೇಳಿಸ್ಬೇಕು ನಂಗೆ." ಟೈಂಪಾಸಿಗೆ ಹೇಳಿದ್ದು.

"ಕಬ... ಕಬ... ಕಬ..." ಅಂದ.

'ಡ್ಡಿ' ಇಲ್ಲ.

ಆ ಸದ್ದು ನನಗೆ ಗೊತ್ತು. ನನ್ನ ಬಾಯಿಂದ ಕೊನೇಗೆ ಬಂದಿದ್ದು ಅದೇ. ಮುಂದೆ ಒಂದು ಪೆಟ್ರೋಲ್ ಬಂಕ್ ಬಂತು, ವ್ಯಾನ್ ಒಳಗೆ ತಿರುಗಿಸ್ದೆ. ಹೀಟರ್ ಆಫ್ ಮಾಡ್ದೆ. ಅಂಗಡಿಗೆ ಹೋಗಿ ದೊಡ್ಡ ಬಾಟ್ಲಿ ನೀರು ತಂದು ಅವನ ಮಡಿಲಲ್ಲಿ ಇಟ್ಟೆ.

"ಕುಡಿ."

"ಸಾರ್, ತಮಾಷೆ ಮಾಡ್ಬೇಡಿ."

"ತಮಾಷೆ ಅಲ್ಲ. ಕುಡಿ."

"ನಾಳೆ ಬೆಳಿಗ್ಗೆ ತೂಕ ಇದೆ ಸಾರ್!"

"ಇರ್ಲಿ."

ಬಾಟ್ಲಿ ನನ್ನ ಕಡೆ ತಳ್ಳಿದ. "ನೀವೇ ಹೇಳಿದ್ದಲ್ವಾ? ನೀವು ವರ್ಷಾನುಗಟ್ಲೆ ಮಾಡಿದೀರಲ್ವಾ?"

"ಅದಕ್ಕೇ ಕಣೋ ಫೋರ್ಕ್‌ಲಿಫ್ಟ್ ಓಡಿಸ್ತಿರೋದು!"

ಬಂಕಲ್ಲಿದ್ದ ಲಾರಿ ಡ್ರೈವರ್ ಒಬ್ಬ ತಿರುಗಿ ನೋಡ್ದ. ಮಗ್ಗದ ಮನೆ ಗಂಟಲು, ಗೊತ್ತಲ್ಲ. ತೇಜಸ್ ಕೆಳಗೆ ಇಳಿದ. ಧ್ವನಿ ಸರಿಯಾಗಿ ಬರ್ತಿರ್ಲಿಲ್ಲ, ಆದ್ರೂ ಹೇಳ್ದ. "ನಿಮ್ಮಪ್ಪ ನೀವು ಆಡೋದು ನೋಡಿದಾರೆ ಸಾರ್. ಟೀವೀಲಿ ನೋಡಿದಾರೆ. ನಮ್ಮಪ್ಪ ನೋಡಿಲ್ಲ. ಇನ್ನು ನೋಡೋದೂ ಇಲ್ಲ."

ನಮ್ಮಪ್ಪ ಮಗ್ಗ ನಿಲ್ಲಿಸಿ ಪಕ್ಕದ ಮನೇಲಿ ಟೀವಿ ಮುಂದೆ ಕೂರ್ತಿದ್ದದ್ದು ನನಗೆ ಗೊತ್ತು. ಅದರ ಬೆಲೆ ಗೊತ್ತು. ಆದ್ರೂ ವ್ಯಾನಿನ ಕೀ ಜೇಬಿಗೆ ಹಾಕ್ಕೊಂಡು ಫುಟ್‌ಪಾತ್ ಮೇಲೆ ಕೂತೆ. "ನೀನು ಕುಡಿಯೋ ತನಕ ವ್ಯಾನ್ ಹೊರಡಲ್ಲ" ಅಂದೆ.

ಹುಡುಗರು ಒಬ್ಬೊಬ್ರೇ ಇಳಿದು ನಿಂತ್ರು. ಕೊನೇಗೆ ಆರ್ಯನ್ ಬಂದು ತೇಜಸ್ ಪಕ್ಕ ನಿಂತು ಅವನ ಕೈ ಹಿಡ್ಕೊಂಡ. ಎರಡು ಬೆರಳಲ್ಲ, ಪೂರ್ತಿ ಕೈ, ನಾನು ಹೇಳ್ಕೊಟ್ಟಂಗೆ. ಕನ್ನಡದಲ್ಲಿ ಹೇಳ್ದ, "ಕುಡಿಯೋ ಪ್ಲೀಸ್." ಅವನ ಬಾಯಲ್ಲಿ ಕನ್ನಡ ನಾನು ಕೇಳಿದ್ದು ಅದೇ ಮೊದಲು.

ತೇಜಸ್ ಕುಡಿದ. ನನ್ನ ಮುಖ ನೋಡ್ಕೊಂಡೇ ಇಡೀ ಬಾಟ್ಲಿ ಕುಡಿದ. ಕಣ್ಣಲ್ಲಿ ನೀರು ಬರ್ತಿತ್ತು. ಬಾಟ್ಲಿ ಕಸದ ಡಬ್ಬಕ್ಕೆ ಎಸೆದು ಹೋಗಿ ಹಿಂದಿನ ಸೀಟಲ್ಲಿ ಕೂತ. ಸಿಡ್ನಿ ತನಕ ನನ್ನ ಹತ್ರ ಮಾತಿಲ್ಲ.

ಸಂಜೆ ಸಿಡ್ನಿಯ ಗಿರಾವೀನ್ ಸೇರಿದ್ವಿ. ಆರ್ಯನ್‌ನ ಸೋದರತ್ತೆ ನಾಗರತ್ನ ಆಂಟಿ ಮನೆ ಅಲ್ಲೇ. ಟೀಮಿಗೆ ಅಲ್ಲೇ ಊಟ, ಅಲ್ಲೇ ಹಾಲಲ್ಲಿ ಸಾಲಾಗಿ ಹಾಸಿಗೆ. ಆಂಟಿ ಪೂರಿ, ಸಾಗು, ಶ್ಯಾವಿಗೆ ಪಾಯಸ ಮಾಡಿದ್ರು. ಹುಡುಗರು ಮೇಲೆ ಬಿದ್ರು. ತೇಜಸ್ ಮಾತ್ರ "ಬೇಡ ಆಂಟಿ, ಹೊಟ್ಟೆ ಸರಿ ಇಲ್ಲ" ಅಂದ.

"ಏನಪ್ಪಾ, ಮೆಲ್ಬರ್ನಿನೋರಿಗೆ ಸಿಡ್ನಿ ಊಟ ಸೇರಲ್ವಾ? ಒಂದೇ ಒಂದು ಪೂರಿ."

"ಬೇಡ ಆಂಟಿ."

ಆಂಟಿ ನನ್ನ ಕಡೆ ನೋಡಿದ್ರು. ನಾನು ತಟ್ಟೆ ನೋಡ್ದೆ. ಅವನು ಇನ್ನೂ ಆಸೆ ಬಿಟ್ಟಿಲ್ಲ ಅಂತ ಗೊತ್ತಾಯ್ತು. ಊಟ ಬಿಟ್ರೆ ರಾತ್ರೀಲಿ ಇಳಿಯುತ್ತೇನೋ ಅಂತ ಲೆಕ್ಕ. ಊಟ ಮಾಡು ಅಂತ ಬೈಯೋಕೆ ನಂಗೆ ಬಾಯಿ ಬರ್ಲಿಲ್ಲ. ಒಂದೇ ದಿನ ಎಷ್ಟು ಸಲ ಅಂತ ಬೈಯ್ಲಿ.

ಬೆಳಿಗ್ಗೆ ತೂಕ. ತೇಜಸ್ ಮೆಷಿನ್ ಹತ್ತಿ ಉಸಿರು ಬಿಗಿಹಿಡ್ಕೊಂಡ. ಉಸಿರು ಹಿಡಿದ್ರೆ ತೂಕ ಕಮ್ಮಿ ಆಗಲ್ಲ, ಆದ್ರೂ ಎಲ್ರೂ ಹಿಡೀತಾರೆ. ನಾನೂ ಹಿಡೀತಿದ್ದೆ. ಎಂಬತ್ತೈದು ಪಾಯಿಂಟ್ ಏಳು.

ದಾಟಿದ್ದು ಮುಕ್ಕಾಲು ಕೆಜಿಗಿಂತ ಕಮ್ಮಿ. ನಿನ್ನೆ ಕುಡಿಸಿದ ಬಾಟ್ಲಿ ಒಂದೂವರೆ ಲೀಟರ್‌ದು. ಅವನು ನನ್ನ ನೋಡಿದ ನೋಟದಲ್ಲಿ ಆ ಬಾಟ್ಲಿ ಇತ್ತು.

ಮೆಷಿನ್ ಹತ್ರ ಇದ್ದ ಆಫೀಸರ್ ಪಂಜಾಬಿ. ಒಳ್ಳೇ ಮನುಷ್ಯ. ತೇಜಸ್‌ಗೆ ಹಿಂದೀಲಿ ಹೇಳ್ದ, ಇನ್ನೂ ಟೈಮ್ ಇದೆ ತಮ್ಮಾ, ಒಂದು ಗಂಟೆ ಓಡಿ ಬಾ, ಮತ್ತೆ ನಿಲ್ಲಿಸ್ತೀನಿ.

ತೇಜಸ್ ಓಡ್ಕೊಂಡು ಹೋಗಿ ಬ್ಯಾಗಿಂದ ರೈನ್‌ಕೋಟ್ ತೆಗೆದ. ಹೊರಗೆ ಗ್ರೌಂಡಿತ್ತು, ಬಿಸಿಲಿತ್ತು. ಒಂದು ಗಂಟೆ ಓಡಿದ್ರೆ ಇಳಿದೇ ಇಳೀತಿತ್ತು. ನಂಗೆ ನೂರಕ್ಕೆ ನೂರು ಗೊತ್ತು, ನಾನೇ ಎಷ್ಟು ಸಲ ಇಳಿಸಿದೀನಿ. ಹುಡುಗರೆಲ್ಲ ನನ್ನ ಮುಖ ನೋಡ್ತಿದಾರೆ. ಅವರಿಗೂ ಗೆಲ್ಬೇಕು. ನಂಗೂ ಗೆಲ್ಬೇಕು, ಸುಳ್ಳು ಯಾಕೆ. ಕೋಚ್ ಆಗಿ ನಾನು ಏನೂ ಗೆದ್ದಿರ್ಲಿಲ್ಲ.

ಹಿಂದಿನ ದಿನದಿಂದ ಊಟ ಇಲ್ಲ, ಮೈ ಒಣಗಿದೆ, ಅದ್ರ ಮೇಲೆ ಒಂದು ಗಂಟೆ ಓಟ, ಆಮೇಲೆ ರೈಡು. ತಿರುಗೋವಾಗ ಕಾಲು ಹಿಡ್ಕೊಳುತ್ತೆ. ಹಿಡ್ಕೊಳ್ದೇನೂ ಇರ್ಬೋದು. ನಂಗೂ ಎಲ್ಲಾ ಸಲ ಹಿಡ್ಕೊಂಡಿರ್ಲಿಲ್ಲ. ಒಂದೇ ಸಲ ಹಿಡ್ಕೊಂಡಿದ್ದು.

ಅವನ ಕೈಯಿಂದ ರೈನ್‌ಕೋಟ್ ಇಸ್ಕೊಂಡೆ. ಬೆಂಚ್ ಮೇಲೆ ಹಾಕಿ ಅದರ ಮೇಲೆ ಕೂತ್ಬಿಟ್ಟೆ.

"ಏಳಿ ಸಾರ್."

"ಏಳಲ್ಲ."

"ಸಾರ್, ಕಾಲಿಗೆ ಬೀಳ್ತೀನಿ, ಏಳಿ ಸಾರ್."

"ಬೀಳು. ಏಳಲ್ಲ."

ಅವನು ಬೈದ. ಏನು ಬೈದ ಅಂತ ಬರೆಯಲ್ಲ, ದಾವಣಗೆರೆಯೋರಿಗೆ ಗೊತ್ತಾಗುತ್ತೆ. ನಾನು ಬೈಸ್ಕೊಂಡೆ. ಕೋಚ್ ಕೆಲಸದಲ್ಲಿ ಬೈಸ್ಕೊಳೋದೂ ಸೇರಿದೆ. ಆ ಗಂಟೆ ನಾನು ಕೂತಲ್ಲಿಂದ ಅಲ್ಲಾಡ್ಲಿಲ್ಲ. ಪಂಜಾಬಿ ಆಫೀಸರ್ ಪೆನ್ನಲ್ಲಿ ಹೆಸರು ಹೊಡೆದು ಹಾಕ್ದ.

ಆಗ ಅವನ ಫೋನ್ ಹೊಡ್ಕೊಂಡ್ತು. ಅಪ್ಪ, ವಿಡಿಯೋ ಕಾಲ್. ತೇಜಸ್ ಫೋನ್ ನನ್ನ ಕೈಗೆ ತುರುಕ್ದ. "ನೀವೇ ಹೇಳಿ" ಅಂದು ಗೋಡೆ ಕಡೆ ತಿರುಗ್ದ.

ಅಂಗಡಿ ಕಾಣ್ತಿತ್ತು, ಹಿಂದೆ ಗೋಡೇಲಿ ಬೆಲ್ಟು ಟ್ಯೂಬುಗಳು ನೇತಾಡ್ತಿದ್ವು. ಪಕ್ಕದಲ್ಲಿ ಇನ್ನೂ ನಾಲ್ಕೈದು ಜನ ಸ್ಟೂಲ್ ಹಾಕ್ಕೊಂಡು ಕೂತಿದಾರೆ. ಎಲ್ರೂ ಮ್ಯಾಚ್ ನೋಡೋಕೆ ಬಂದಿರೋರು. ಅಲ್ಲಿನ್ನೂ ಬೆಳಗಿನ ಜಾವ.

"ನಮಸ್ಕಾರ್ರೀ, ನಾನು ಇವನ ಕೋಚು. ತೇಜಸ್ ಇವತ್ತು ಆಡಲ್ಲ. ತೂಕ ಜಾಸ್ತಿ ಆಗಿದೆ. ನೀರು ಬಿಟ್ಟಿದ್ದ, ನಾನೇ ಕುಡಿಸ್ದೆ. ನನ್ನಿಂದ್ಲೇ ಹಿಂಗಾಯ್ತು."

ಪಕ್ಕದೋರು ಯಾರೋ "ಏನಂತೆ?" ಅಂದ್ರು. ಅವರಪ್ಪ ಕೈ ಎತ್ತಿ ಸುಮ್ನಿರ್ಸಿದ್ರು.

"ನೀರು ಯಾಕ್ ಬಿಟ್ಟಿದ್ದಾ?"

"ತೂಕ ಇಳಿಸೋಕೆ."

"ಎಷ್ಟ್ ದಿನಾತ್ರೀ?"

"ಎರಡು ದಿನ."

ಅವರಪ್ಪ ಫೋನ್ ಮುಖದ ಹತ್ರ ತಂದ್ರು. ಆಮೇಲೆ ಕೇಳಿದ್ರು, "ಉಂಡಾನಾ?"

"ಇಲ್ಲ. ನಿನ್ನೆಯಿಂದ ಇಲ್ಲ."

"ಮೊದ್ಲು ಉಣ್ಣಾಕ ಹಾಕ್ರಿ ಮಾರಾಯ್ರ. ಆಟ ಎಲ್ಲಿಗ್ ಹೊಕ್ಕತಿ?"

ಗೋಡೆ ಕಡೆ ತಿರುಗಿದ್ದೋನ ಭುಜ ಅಲ್ಲಾಡೋದು ಕಾಣಿಸ್ತು. ನಾಗರತ್ನ ಆಂಟಿ ದಾರಿಗೆ ಅಂತ ಪುಳಿಯೋಗರೆ ಕಟ್ಟಿದ್ರು. ಡಬ್ಬಿ ತೆಗೆದು ಅವನ ಮುಂದೆ ಇಟ್ಟೆ. ಫೋನ್ ಎದುರಿಗಿಟ್ಕೊಂಡು ಡಬ್ಬಿ ಖಾಲಿ ಮಾಡ್ದ. ಅವರಪ್ಪ ಅಷ್ಟೂ ಹೊತ್ತು ನೋಡ್ತಾ ಕೂತಿದ್ರು.

ಸೆಮಿಫೈನಲ್ ತನಕ ಹೋದ್ವಿ. ಅಲ್ಲಿ ಸಿಡ್ನಿ ಟೀಮು. ಗುಟ್ಟಾಗಿರ್ಲಿ ಅಂತ ನಾನು ಕನ್ನಡದಲ್ಲೇ ಕೂಗ್ತಿದ್ದೆ, "ಎಡಗಡೆಯೋನಿಗೆ ದಮ್ಮಿಲ್ಲ, ಅವನನ್ನೇ ಮುಟ್ಟು!" ಆ ಎಡಗಡೆಯೋನು ಸೊಂಟದ ಮೇಲೆ ಕೈ ಇಟ್ಕೊಂಡು ನನ್ನ ಕಡೆ ತಿರುಗ್ದ. "ನಂದು ಹಾಸನ ಸಾರ್. ದಮ್ಮಿದೆ." ನಮ್ಮ ಬೆಂಚೂ ನಗ್ತು, ಅವರ ಬೆಂಚೂ ನಗ್ತು. ಎರಡು ಪಾಯಿಂಟಲ್ಲಿ ಸೋತ್ವಿ. ಹಂಗಂದ ಮುಂದಿನ ರೈಡಲ್ಲೇ ನಮ್ಮ ಹುಡುಗನ್ನ ಹಿಡಿದು ಹಾಕಿದ್ದೂ ಆ ಹಾಸನದೋನೇ. ತೇಜಸ್ ಬೆಂಚಲ್ಲಿ ಕೂತು ಎಲ್ರಿಗೂ ನೀರು ಕೊಡ್ತಿದ್ದ. ನನಗೆ ಮಾತ್ರ ಕೊಡ್ಲಿಲ್ಲ.

ವಾಪಸ್ ಬಂದು ಮೇಗನ್‌ಗೆ ಎಲ್ಲ ಹೇಳ್ದೆ, ಹೀಟರ್ ವಿಷ್ಯಾನೂ ಸೇರಿಸಿ. ನೀರು ಕುಡಿಸಿದ್ದಕ್ಕೆ ಭೇಷ್ ಅಂತಾರೆ ಅಂದ್ಕೊಂಡಿದ್ದೆ. ಅವ್ರು ಕೇಳಿದ್ದು ಒಂದೇ, ಆ ಹುಡುಗಂಗೆ ರೈನ್‌ಕೋಟ್ ಐಡಿಯಾ ಯಾರು ಕೊಟ್ಟಿದ್ದು? ನಾನು ಅಂದೆ. ಕೋರ್ಸ್ ಮತ್ತೆ ಮೊದಲಿಂದ ಮಾಡಿಸಿದ್ರು. ಸರಿಯಾಗೇ ಮಾಡಿಸಿದ್ರು.

ಭದ್ರಪ್ಪ ಸಾರ್‌ಗೂ ಫೋನ್ ಮಾಡಿ ಹೇಳ್ದೆ. ಅವ್ರು ಸುತ್ತಿಬಳಸಿ ಮಾತಾಡೋರಲ್ಲ. "ನಾನಾಗಿದ್ರೆ ಓಡಿಸಿರ್ತಿದ್ದೆ ಕಣೋ. ಗೆದ್ದಿರ್ತಿದ್ರಿ" ಅಂದ್ರು.

"ಹೂಂ ಸಾರ್, ಗೆದ್ದಿರ್ತಿದ್ವಿ" ಅಂದೆ. ಬೇರೆ ವಿಷ್ಯ ಮಾತಾಡಿದ್ವಿ.

ಈಗ ನಾನು ಸೀಸನ್ ಶುರುವಲ್ಲೇ ಎಲ್ರನ್ನೂ ತೂಕಕ್ಕೆ ನಿಲ್ಲಿಸ್ತೀನಿ. ಆಗೋದಿಲ್ಲ ಅನ್ನೋನಿಗೆ ಅವತ್ತೇ ಮುಖಕ್ಕೆ ಹೇಳ್ತೀನಿ, ಕೊನೇವರೆಗೂ ಆಸೆ ಹುಟ್ಟಿಸಲ್ಲ. ಹೊರಡೋ ಮುಂಚೆ ಒಬ್ಬೊಬ್ರ ಹತ್ರಾನೂ ಕಬಡ್ಡಿ ಹೇಳಿಸ್ತೀನಿ. 'ಡ್ಡಿ' ಸರಿಯಾಗಿ ಬರ್ದಿದ್ರೆ ವ್ಯಾನ್ ಹತ್ತಿಸಲ್ಲ. ಹುಡುಗರು ನಗ್ತಾರೆ. ನಗ್ಲಿ. ಹಳೇ ಕತೆ ಮಾತ್ರ ಈಗ ಅರ್ಧ ಹೇಳಿ ನಿಲ್ಸಲ್ಲ. ರೈನ್‌ಕೋಟಿಂದ ಶುರು ಮಾಡಿದ್ರೆ ಆಸ್ಪತ್ರೆ ಮಂಚದ ತನಕ ಹೇಳಿ ಮುಗಿಸ್ತೀನಿ. ಕೋಚ್ ಆಗೋರಿಗೆ ನಾನು ಹೇಳೋದು ಇಷ್ಟೇ. ನಿಮ್ಮ ಕತೆ ಅರ್ಧ ಹೇಳಿದ್ರೆ ಹುಡುಗರು ಆ ಅರ್ಧಾನೇ ಕಲೀತಾರೆ.

ತೇಜಸ್ ಈಗ ಮೆಲ್ಬರ್ನ್ ಸಿಟೀಲೇ ಡಾಕ್‌ಲ್ಯಾಂಡ್ಸಲ್ಲಿ ಒಂದು ಬ್ಯಾಂಕಲ್ಲಿ ಕೆಲಸ ಮಾಡ್ತಾನೆ. ತುಂಬಾ ದಿನ ನನ್ನ ಹತ್ರ ಮಾತು ಬಿಟ್ಟಿದ್ದ. ಮೊನ್ನೆ ನಾನು ಆ ಕಡೆ ಹೋಗಿದ್ದೆ. ಫೋನ್ ಮಾಡ್ದೆ, ಕೆಳಗೆ ಬಂದ. ಕಾಫಿ ಅವನೇ ಕೊಡಿಸ್ದ. ಇಸ್ತ್ರಿ ಶರ್ಟು, ಕುತ್ತಿಗೇಲಿ ಕಾರ್ಡು, ಸ್ವಲ್ಪ ಹೊಟ್ಟೆ ಬಂದಿದೆ. ಅದೂ ಇದೂ ಮಾತಾಡಿದ್ವಿ. ಕಾಫಿ ಮುಗಿದ್ಮೇಲೆ ಟ್ರಾಮ್ ಸ್ಟಾಪ್ ಕಡೆ ನಡೀತಾ ಹೇಳ್ದ, "ಅವತ್ತು ನಾನು ಆಡಿದ್ರೆ ಗೆಲ್ತಿದ್ವಿ ಸಾರ್."

"ಗೆಲ್ತಿದ್ವಿ" ಅಂದೆ.

"ಇನ್ನೂ ಸಿಟ್ಟಿದೆ ಸಾರ್ ನಂಗೆ."

"ಇರ್ಲಿ ಬಿಡು."

ಅಷ್ಟರಲ್ಲಿ ಟ್ರಾಮ್ ಬಂದು ಸ್ಟಾಪಲ್ಲಿ ನಿಂತ್ತು. ನಾವಿನ್ನೂ ದೂರದಲ್ಲಿದ್ವಿ. "ಬನ್ನಿ ಸಾರ್, ಹಿಡಿಯಣ!" ಅಂದು ಓಡ್ದ. ಜನ ತಪ್ಪಿಸ್ಕೊಂಡು, ಎಡಕ್ಕೆ ಬಾಗಿ, ಬಲಕ್ಕೆ ತಿರುಗಿ, ಥೇಟ್ ರೈಡಿಗೆ ಹೋದಂಗೆ ಓಡ್ದ. ನಾನು ನಿಂತು ಅವನ ಮಂಡಿ ನೋಡ್ದೆ. ಎರಡೂ ಸರಿಯಾಗಿ ಮಡಚ್ತಿದ್ವು. ಬಾಗಿಲು ಮುಚ್ಚೋ ಹೊತ್ತಿಗೆ ಒಳಗೆ ಹಾರ್ದ. ಹಾರಿ, ತಿರುಗಿ ನೋಡ್ದ. ನಾನು ಓಡಿಲ್ಲ ಅಂತ ಆಗ ಅವನಿಗೆ ಕಾಣಿಸ್ತು. ಗಾಜಿನ ಹಿಂದೆ ಅವನ ಕೈ ಮೇಲಕ್ಕೆ ಬಂತು, ಅಲ್ಲೇ ನಿಂತ್ತು.

ನಾನೂ ಕೈ ಎತ್ತಿ, ಹೋಗು ಹೋಗು ಅಂದೆ. ಕುಂಟ್ಕೊಂಡು ಸ್ಟಾಪಿಗೆ ಹೋಗಿ ಮುಂದಿನ ಟ್ರಾಮಿಗೆ ಕಾದೆ.